ಯಾರ ನೋವು, ಯಾರ ಅರ್ಜಿ?

ಸರ್ಕಾರಿ ನೌಕರಿಯೆಂಬುದು ನಮ್ಮ ಮಧ್ಯಮ ವರ್ಗದ ಕುಟುಂಬಗಳಲ್ಲಿ ಒಬ್ಬರ ಉದ್ಯೋಗ ಮಾತ್ರವಲ್ಲ, ಇಡೀ ಮನೆತನದ ಭರವಸೆ. ಮಗನ ಅಥವಾ ಮಗಳ ಹೆಸರು ಆಯ್ಕೆಪಟ್ಟಿಯಲ್ಲಿ ಬಂದಿತೆಂದರೆ ಹೊಲದ ಮೇಲಿನ ಸಾಲ ತೀರಿಸುವ ದಾರಿ ಕಾಣುತ್ತದೆ. ತಂಗಿಯ ಮದುವೆಯ ಮಾತುಕತೆ ಮೊದಲಾಗುತ್ತದೆ. ವೃದ್ಧ ತಂದೆತಾಯಿಗಳ ಔಷಧೋಪಚಾರದ ಚಿಂತೆ ಕಡಿಮೆಯಾಗುತ್ತದೆ. ಆದರೆ ನೇಮಕಾತಿ ಆದೇಶ ಕೈಗೆ ಬರುವ ಮೊದಲೇ 'ಪಟ್ಟಿಗೆ ತಡೆಯಾಜ್ಞೆ ಬಂದಿದೆ' ಎಂಬ ಸುದ್ದಿ ಬಂದರೆ ಆ ಮನೆಯ ಸ್ಥಿತಿ ಏನಾಗಬೇಕು? ತಡೆ ತಂದವನು ಅದೇ ಪರೀಕ್ಷೆಯಲ್ಲಿ ಅನ್ಯಾಯಕ್ಕೊಳಗಾದ ಅಭ್ಯರ್ಥಿಯಾಗಿದ್ದರೆ ಅದನ್ನು ನ್ಯಾಯದ ದಾರಿಯೆಂದು ಒಪ್ಪಬಹುದು. ಆದರೆ ಅವನು ಪರೀಕ್ಷೆಗೆ ಕುಳಿತವನೂ ಅಲ್ಲ, ಅರ್ಜಿ ಹಾಕಿದವನೂ ಅಲ್ಲ, ಆ ಇಲಾಖೆಯ ನೌಕರನೂ ಅಲ್ಲ ಎಂದಾದರೆ?

ಈ ತಿಂಗಳ ಅಂಕಣದ ವಿಷಯ ಇದೇ. ಸಾರ್ವಜನಿಕ ಉದ್ಯೋಗಕ್ಕೆ ಸಂಬಂಧಿಸಿದ ವ್ಯಾಜ್ಯಗಳಲ್ಲಿ ನ್ಯಾಯಾಲಯದ ಬಾಗಿಲು ತಟ್ಟುವ ಹಕ್ಕು ಯಾರಿಗಿದೆ, ಯಾರಿಗಿಲ್ಲ? ಹುರುಳಿಲ್ಲದ ಅರ್ಜಿಗಳನ್ನು ನ್ಯಾಯಾಲಯಗಳು ಹೇಗೆ ನೋಡಿವೆ? ನಿಜವಾಗಿ ನೊಂದವರು ಏನು ಮಾಡಬೇಕು? ವ್ಯಾಜ್ಯದಲ್ಲಿ 'ಗೆದ್ದವ ಸೋತ, ಸೋತವ ಸತ್ತ' ಎಂಬ ಮಾತು ನಮ್ಮ ಹಿರಿಯರ ಅನುಭವದಿಂದ ಬಂದದ್ದು. ಕಾನೂನಿನ ಸ್ಥೂಲ ಪರಿಚಯವಾದರೂ ಇದ್ದರೆ ಈ ಎರಡೂ ಬಗೆಯ ಕಷ್ಟಗಳಿಂದ ಅನೇಕ ಮನೆಗಳು ಪಾರಾಗಬಹುದು.

ಅರ್ಹತೆಯ ಮೊದಲ ಪ್ರಶ್ನೆ

ನ್ಯಾಯಾಲಯದ ಮುಂದೆ ಅರ್ಜಿಯೊಂದು ಬಂದಾಗ ಅದರಲ್ಲಿ ಹೇಳಿರುವುದು ಸತ್ಯವೇ, ಸುಳ್ಳೇ ಎಂಬ ವಿಚಾರಣೆಗಿಂತ ಮೊದಲು ಇನ್ನೊಂದು ಪ್ರಶ್ನೆ ಏಳುತ್ತದೆ: 'ಇದನ್ನು ಕೇಳಲು ನೀವು ಯಾರು?' ವಕೀಲರು ಇದನ್ನು 'ಲೋಕಸ್ ಸ್ಟ್ಯಾಂಡೈ' ಎಂಬ ಲ್ಯಾಟಿನ್ ಮಾತಿನಿಂದ ಕರೆಯುತ್ತಾರೆ. ಸರಳವಾಗಿ ಹೇಳುವುದಾದರೆ ಇದು ಅರ್ಜಿ ಹಾಕುವ ಅರ್ಹತೆ. ಪ್ರಶ್ನಿಸಲಾದ ಆದೇಶದಿಂದ ತನ್ನ ಹಕ್ಕಿಗೆ ಧಕ್ಕೆಯಾದವನು, ಅಂದರೆ 'ಬಾಧಿತ ವ್ಯಕ್ತಿ', ಮಾತ್ರವೇ ಪರಿಹಾರ ಕೇಳಬಲ್ಲನೆಂಬುದು ಸಾಮಾನ್ಯ ನಿಯಮ.

ಒಂದು ಉದಾಹರಣೆಯಿಂದ ಇದನ್ನು ತಿಳಿಯೋಣ. ಒಂದು ಕಚೇರಿಯಲ್ಲಿ ಇಬ್ಬರು ಪ್ರಥಮ ದರ್ಜೆ ಸಹಾಯಕರಿದ್ದಾರೆ. ಜ್ಯೇಷ್ಠತಾ ಪಟ್ಟಿಯಲ್ಲಿ ಮೇಲಿರುವವರನ್ನು ಬಿಟ್ಟು ಕೆಳಗಿರುವವರಿಗೆ ಬಡ್ತಿ ಕೊಟ್ಟರೆ ಬಡ್ತಿ ತಪ್ಪಿದವರು ಬಾಧಿತ ವ್ಯಕ್ತಿ. ಅವರಿಗೆ ಅರ್ಜಿ ಹಾಕುವ ಹಕ್ಕುಂಟು. ಅದೇ ಕಚೇರಿಯ ಎದುರು ಅಂಗಡಿ ಇಟ್ಟುಕೊಂಡವರಿಗೆ ಆ ಬಡ್ತಿ ಸರಿಯಲ್ಲವೆಂದು ಅನ್ನಿಸಬಹುದು. ಅವರ ಅಭಿಪ್ರಾಯ ನಿಜವೂ ಆಗಿರಬಹುದು. ಆದರೆ ಆ ಬಡ್ತಿಯಿಂದ ಅವರು ಕಳೆದುಕೊಂಡದ್ದು ಏನೂ ಇಲ್ಲ. ಬಡ್ತಿ ತಪ್ಪಿದ ನೌಕರರೇ ಸುಮ್ಮನಿರುವಾಗ ಅವರ ಪರವಾಗಿ ಹೋರಾಡುವ ಅಧಿಕಾರವನ್ನು ಕಾನೂನು ಈ ಮೂರನೆಯವರಿಗೆ ಕೊಡುವುದಿಲ್ಲ.

ಈ ನಿಯಮ ಎಷ್ಟು ದೂರ ಹೋಗುತ್ತದೆಂಬುದಕ್ಕೆ 2019ರ ಒಂದು ಪ್ರಕರಣ ಸಾಕ್ಷಿ. ಮಹಾರಾಷ್ಟ್ರದಲ್ಲಿ ಸಹಾಯಕ ಮೋಟಾರು ವಾಹನ ನಿರೀಕ್ಷಕರ ನೇಮಕಾತಿಗೆ ಅಲ್ಲಿನ ಲೋಕಸೇವಾ ಆಯೋಗವು 800ಕ್ಕೂ ಹೆಚ್ಚು ಅಭ್ಯರ್ಥಿಗಳನ್ನು ಆಯ್ಕೆ ಮಾಡಿತ್ತು. ಆ ನೇಮಕಾತಿಯ ನಿಯಮವನ್ನೇ ಪ್ರಶ್ನಿಸಿ ಬಂದ ಅರ್ಜಿಯನ್ನು ಉಚ್ಚ ನ್ಯಾಯಾಲಯ ಪುರಸ್ಕರಿಸಿತು. ಪ್ರಕರಣ ಸರ್ವೋಚ್ಚ ನ್ಯಾಯಾಲಯಕ್ಕೆ ಹೋದಾಗ, ಅರ್ಜಿದಾರರು ಆ ಹುದ್ದೆಗೆ ಅರ್ಜಿಯನ್ನೇ ಸಲ್ಲಿಸಿರಲಿಲ್ಲವೆಂಬ ಅಂಶ ಮುಖ್ಯವಾಯಿತು. ಸ್ಪರ್ಧೆಗೇ ಇಳಿಯದವರು ಸ್ಪರ್ಧೆಯ ನಿಯಮದಿಂದ ತಾವು ನೊಂದೆವೆಂದು ಹೇಳಲಾರರೆಂದು ಸರ್ವೋಚ್ಚ ನ್ಯಾಯಾಲಯ ಆ ತೀರ್ಪನ್ನು ರದ್ದುಪಡಿಸಿತು.

ಸಾರ್ವಜನಿಕ ಹಿತಾಸಕ್ತಿಯ ಹುಟ್ಟು

'ಹಾಗಾದರೆ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಎಂಬುದೊಂದಿದೆಯಲ್ಲ, ಅದನ್ನು ಯಾರು ಬೇಕಾದರೂ ಹಾಕಬಹುದಲ್ಲ?' ಎಂದು ವಾಚಕರು ಕೇಳುವುದು ಸಹಜ. ಈ ಬಗೆಯ ಅರ್ಜಿ ಹೇಗೆ ಹುಟ್ಟಿತೆಂಬುದನ್ನು ತಿಳಿದರೆ ಉತ್ತರ ತಾನಾಗಿಯೇ ದೊರೆಯುತ್ತದೆ.

1979ರಲ್ಲಿ ಬಿಹಾರದ ಸೆರೆಮನೆಗಳಲ್ಲಿ ವಿಚಾರಣೆಯೇ ಇಲ್ಲದೆ ವರ್ಷಗಟ್ಟಲೆ ಕೊಳೆಯುತ್ತಿದ್ದ ಕೈದಿಗಳ ಸಂಗತಿ ಹುಸೈನಾರಾ ಖಾತೂನ್ ಪ್ರಕರಣದ ಮೂಲಕ ಸರ್ವೋಚ್ಚ ನ್ಯಾಯಾಲಯದ ಮುಂದೆ ಬಂದಿತು. ವಕೀಲರನ್ನು ಇಟ್ಟುಕೊಳ್ಳುವ ಶಕ್ತಿಯಾಗಲಿ, ತಮಗೊಂದು ಹಕ್ಕಿದೆಯೆಂಬ ಅರಿವಾಗಲಿ ಇಲ್ಲದವರ ಪರವಾಗಿ ಬೇರೊಬ್ಬರು ಮಾತನಾಡದಿದ್ದರೆ ಅವರಿಗೆ ನ್ಯಾಯ ದೊರೆಯುವುದು ಹೇಗೆ? ಈ ಅನುಕಂಪದ ನೆಲೆಯಿಂದ ಅರ್ಹತೆಯ ನಿಯಮ ಸಡಿಲವಾಯಿತು. 1981ರ ಎಸ್. ಪಿ. ಗುಪ್ತ ಪ್ರಕರಣದಲ್ಲಿ ನ್ಯಾಯಮೂರ್ತಿ ಪಿ. ಎನ್. ಭಗವತಿಯವರು ಈ ತತ್ತ್ವಕ್ಕೆ ವಿಸ್ತಾರವಾದ ರೂಪ ಕೊಟ್ಟರು. ಬಡತನ, ಅಸಹಾಯಕತೆ ಅಥವಾ ಸಾಮಾಜಿಕ ದೌರ್ಬಲ್ಯದ ಕಾರಣದಿಂದ ನ್ಯಾಯಾಲಯಕ್ಕೆ ಬರಲಾರದವರ ಪರವಾಗಿ ಸದುದ್ದೇಶವುಳ್ಳ ಯಾವ ನಾಗರಿಕನಾದರೂ ಬರಬಹುದೆಂದು ಅಲ್ಲಿ ಹೇಳಲಾಯಿತು. ಅದೇ ತೀರ್ಪಿನಲ್ಲಿಯೇ, ಊರ ಉಸಾಬರಿ ಹೊತ್ತು ಸುಮ್ಮನೆ ತಲೆಹಾಕುವವರಿಗೆ ಈ ಬಾಗಿಲು ತೆರೆದಿಲ್ಲವೆಂಬ ಎಚ್ಚರಿಕೆಯೂ ಇದ್ದಿತು. ಮೊದಲ ಭಾಗವನ್ನು ಎಲ್ಲರೂ ನೆನಪಿನಲ್ಲಿಟ್ಟರು. ಎರಡನೆಯ ಭಾಗವನ್ನು ಅನೇಕರು ಮರೆತರು.

ಸರ್ಕಾರಿ ನೌಕರನು ಬಿಹಾರದ ಆ ಕೈದಿಯಂತೆ ಅಸಹಾಯಕನಲ್ಲ. ಅವನು ವಿದ್ಯಾವಂತ, ತನ್ನ ಸೇವಾ ನಿಯಮಗಳನ್ನು ಬಲ್ಲವನು, ಅವನಿಗೆ ನೌಕರರ ಸಂಘವಿದೆ, ಅವನಿಗಾಗಿಯೇ ನ್ಯಾಯಮಂಡಳಿಯಿದೆ. ಅವನ ನೋವನ್ನು ಅವನೇ ಹೇಳಿಕೊಳ್ಳಬಲ್ಲ. ಅವನ ಪರವಾಗಿ ಅಪರಿಚಿತನೊಬ್ಬನು ಅರ್ಜಿ ಹಿಡಿದು ನಿಲ್ಲಬೇಕಾದ ಅಗತ್ಯವಿಲ್ಲ. ಸೇವಾ ವಿಷಯಗಳಲ್ಲಿ ಸಾರ್ವಜನಿಕ ಹಿತಾಸಕ್ತಿ ಅರ್ಜಿಗೆ ಆಸ್ಪದವಿಲ್ಲವೆಂಬ ನಿಯಮದ ಬೇರು ಇಲ್ಲಿದೆ.

ನ್ಯಾಯಾಲಯಗಳ ನಿಲುವು

1998ರಲ್ಲಿ ಒರಿಸ್ಸಾದ ವೈದ್ಯರೊಬ್ಬರ ಸೇವೆಗೆ ಸಂಬಂಧಿಸಿದ ದುರ್ಯೋಧನ ಸಾಹು ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ಪ್ರಶ್ನೆಯನ್ನು ನೇರವಾಗಿ ನಿರ್ಣಯಿಸಿತು. 1985ರ ಆಡಳಿತ ನ್ಯಾಯಮಂಡಳಿಗಳ ಅಧಿನಿಯಮವು 'ಬಾಧಿತ ವ್ಯಕ್ತಿ'ಗೆ ಮಾತ್ರ ಅರ್ಜಿ ಹಾಕುವ ಹಕ್ಕು ಕೊಟ್ಟಿದೆ; ಸಂಬಂಧವಿಲ್ಲದವರು ಸಾರ್ವಜನಿಕ ಹಿತದ ಹೆಸರಿನಲ್ಲಿ ನ್ಯಾಯಮಂಡಳಿಗೆ ಬರುವಂತಿಲ್ಲ ಎಂಬುದು ಅದರ ಸಾರ. ನೌಕರರ ವ್ಯಾಜ್ಯಗಳು ಬೇಗನೆ ಇತ್ಯರ್ಥವಾಗಲೆಂದು ಸ್ಥಾಪನೆಯಾದ ನ್ಯಾಯಮಂಡಳಿಗಳಿಗೆ ದಾರಿಹೋಕರೆಲ್ಲ ಅರ್ಜಿ ತಂದು ಸುರಿದರೆ ಅವುಗಳ ಮೂಲ ಉದ್ದೇಶವೇ ಕೆಡುತ್ತದೆಂಬುದು ನ್ಯಾಯಾಲಯದ ಕಳಕಳಿಯಾಗಿತ್ತು.

2010ರಲ್ಲಿ ಝಾರ್ಖಂಡ್ ರಾಜ್ಯ ವಿದ್ಯುತ್ ಮಂಡಳಿಯ ಅಧ್ಯಕ್ಷರ ನೇಮಕವನ್ನು ಪ್ರಶ್ನಿಸಿದ ಪ್ರಕರಣದಲ್ಲಿಯೂ, ಅದೇ ವರ್ಷ ಮಧ್ಯಪ್ರದೇಶದ ಶಿಕ್ಷಕರ ನೇಮಕಾತಿಗೆ ಸಂಬಂಧಿಸಿದ ಪ್ರಕರಣದಲ್ಲಿಯೂ ಇದೇ ಮಾತು ಪುನರುಚ್ಚಾರವಾಯಿತು. ಎರಡರಲ್ಲಿಯೂ ಉಚ್ಚ ನ್ಯಾಯಾಲಯಗಳು ಅರ್ಜಿಗಳನ್ನು ಮಾನ್ಯ ಮಾಡಿದ್ದವು. ಎರಡನ್ನೂ ಸರ್ವೋಚ್ಚ ನ್ಯಾಯಾಲಯ ಬದಿಗೊತ್ತಿತು. ಅಂತಿಮವಾಗಿ ಗೆದ್ದವರೂ ಆ ನಡುವಿನ ಕಾಲವನ್ನು ನೌಕರಿ ಉಳಿಯುವುದೋ ಹೋಗುವುದೋ ಎಂಬ ಅನಿಶ್ಚಿತತೆಯಲ್ಲಿ ಕಳೆಯಬೇಕಾಯಿತೆಂಬುದನ್ನು ಇಲ್ಲಿ ಮರೆಯಬಾರದು.

ಹುದ್ದೆಯ ಅಧಿಕಾರವನ್ನು ಕೇಳುವ ಹಕ್ಕು

ಈ ನಿಯಮಕ್ಕೆ ಒಂದು ಮಹತ್ವದ ಅಪವಾದವಿದೆ. ಅದನ್ನು ತಿಳಿಯದಿದ್ದರೆ ವಿಷಯ ಅರ್ಧವೇ ತಿಳಿದಂತಾಗುತ್ತದೆ. 'ಯಾವ ಅಧಿಕಾರದಿಂದ ನೀವು ಈ ಹುದ್ದೆಯಲ್ಲಿದ್ದೀರಿ?' ಎಂದು ಸಾರ್ವಜನಿಕ ಹುದ್ದೆಯಲ್ಲಿರುವವರನ್ನು ಕೇಳುವ ರಿಟ್ಟಿಗೆ 'ಕೋ ವಾರಂಟೋ' ಎಂದು ಹೆಸರು. ಸಂವಿಧಾನದ 226ನೆಯ ಅನುಚ್ಛೇದದ ಅಡಿಯಲ್ಲಿ ಉಚ್ಚ ನ್ಯಾಯಾಲಯ ಇದನ್ನು ಹೊರಡಿಸಬಹುದು. ಇದನ್ನು ಕೇಳಲು ಸ್ವಂತ ನಷ್ಟವನ್ನು ತೋರಿಸಬೇಕಾಗಿಲ್ಲ. ಕಾನೂನಿನ ಆಧಾರವಿಲ್ಲದವನು ಸಾರ್ವಜನಿಕ ಹುದ್ದೆಯಲ್ಲಿ ಕುಳಿತರೆ ಅದು ಎಲ್ಲ ನಾಗರಿಕರ ಪ್ರಶ್ನೆಯೇ ಆಗುತ್ತದೆ.

ಈ ರಿಟ್ಟಿನ ಮೇರೆಗಳನ್ನು ಗುರುತಿಸಿದ ತೀರ್ಪು ನಮ್ಮ ನಾಡಿನದೇ ಎಂಬುದು ಗಮನಾರ್ಹ. ಬೆಂಗಳೂರಿನ ಸೆಂಟ್ರಲ್ ಕಾಲೇಜು ಮೈಸೂರು ವಿಶ್ವವಿದ್ಯಾನಿಲಯಕ್ಕೆ ಸೇರಿದ್ದ ಕಾಲವದು. ಅಲ್ಲಿನ ಇಂಗ್ಲಿಷ್ ರೀಡರ್ ಹುದ್ದೆಗೆ ಆದ ನೇಮಕವನ್ನು ಪ್ರಶ್ನಿಸಿ, ಆ ಹುದ್ದೆ ತಮಗೇ ಬರಬೇಕೆಂದು ಕೋರಿ ಅರ್ಜಿಯೊಂದು ಬಂದಿತು. ಮೈಸೂರು ಉಚ್ಚ ನ್ಯಾಯಾಲಯ ನೇಮಕವನ್ನು ರದ್ದುಪಡಿಸಿತು. 1963ರಲ್ಲಿ ನ್ಯಾಯಮೂರ್ತಿ ಪಿ. ಬಿ. ಗಜೇಂದ್ರಗಡಕರ್ ಅವರು ಬರೆದ ತೀರ್ಪಿನಿಂದ ಸರ್ವೋಚ್ಚ ನ್ಯಾಯಾಲಯ ಆ ನೇಮಕವನ್ನು ಎತ್ತಿಹಿಡಿಯಿತು. ಹುದ್ದೆ ಸಾರ್ವಜನಿಕವಾಗಿರಬೇಕು, ಅದರಲ್ಲಿರುವವನು ಕಾನೂನಿನ ಅಧಿಕಾರವಿಲ್ಲದೆ ಇದ್ದಾನೆಂದು ಸಿದ್ಧವಾಗಬೇಕು, ಆಗ ಮಾತ್ರ ಈ ರಿಟ್ಟು ಸಲ್ಲುತ್ತದೆ. ವಿದ್ವಾಂಸರ ಆಯ್ಕೆ ಮಂಡಳಿ ಯೋಚಿಸಿ ಕೊಟ್ಟ ಅಭಿಪ್ರಾಯವನ್ನು ನ್ಯಾಯಾಲಯ ಸುಲಭವಾಗಿ ತಳ್ಳಿಹಾಕಬಾರದೆಂದೂ ಆ ತೀರ್ಪು ತಿಳಿಸಿತು. ದೇಶದ ನ್ಯಾಯಾಲಯಗಳಲ್ಲಿ ಇಂದಿಗೂ ಅದನ್ನು ಉದ್ಧರಿಸಲಾಗುತ್ತದೆ.

2006ರಲ್ಲಿ ಕರ್ನಾಟಕ ನಗರ ನೀರು ಸರಬರಾಜು ಮತ್ತು ಒಳಚರಂಡಿ ಮಂಡಳಿಯ ವ್ಯವಸ್ಥಾಪಕ ನಿರ್ದೇಶಕರ ನೇಮಕವನ್ನು ನೌಕರರ ಸಂಘವು ಇದೇ ರಿಟ್ಟಿನ ಮೂಲಕ ಪ್ರಶ್ನಿಸಿತ್ತು. ಕರ್ನಾಟಕ ಉಚ್ಚ ನ್ಯಾಯಾಲಯದಲ್ಲಿ ಗೆದ್ದ ಸಂಘ ಸರ್ವೋಚ್ಚ ನ್ಯಾಯಾಲಯದಲ್ಲಿ ಸೋತಿತು. ಶಾಸನಬದ್ಧ ನಿಯಮಕ್ಕೆ ವಿರುದ್ಧವಾದ ನೇಮಕವಾಗಿದ್ದರೆ ಮಾತ್ರ ಕೋ ವಾರಂಟೋ ಸಲ್ಲುತ್ತದೆಯೇ ಹೊರತು ಅಧಿಕಾರಿಯ ಮೇಲಿನ ಅಸಮಾಧಾನಕ್ಕೆ ಅದು ಮದ್ದಲ್ಲವೆಂಬುದು ಅಲ್ಲಿಯ ಪಾಠ.

ಹಾಗೆಂದು ಈ ದಾರಿಯಲ್ಲಿ ಹೋದವರೆಲ್ಲ ಬರಿಗೈಯಲ್ಲಿ ಬಂದರೆಂದು ತಿಳಿಯಬಾರದು. 2011ರ ಮಾರ್ಚ್ 3ರಂದು ಕೇಂದ್ರ ಜಾಗೃತ ಆಯುಕ್ತರ ನೇಮಕವನ್ನೇ ಸರ್ವೋಚ್ಚ ನ್ಯಾಯಾಲಯ ಅಸಿಂಧುವೆಂದು ಘೋಷಿಸಿತು. ಆ ಅರ್ಜಿ ತಂದವರು ಹುದ್ದೆಯ ಆಕಾಂಕ್ಷಿಗಳಲ್ಲ. ಸಂಸ್ಥೆಯ ಘನತೆಯನ್ನು ಕುರಿತು ಚಿಂತಿಸಿದ ನಾಗರಿಕರು. 2022ರಲ್ಲಿ ಗುಜರಾತಿನ ಸರದಾರ್ ಪಟೇಲ್ ವಿಶ್ವವಿದ್ಯಾನಿಲಯದ ಕುಲಪತಿಗಳ ನೇಮಕವು ವಿಶ್ವವಿದ್ಯಾನಿಲಯ ಧನಸಹಾಯ ಆಯೋಗದ ನಿಯಮಗಳಿಗೆ ವಿರುದ್ಧವೆಂಬ ಕಾರಣದಿಂದ ರದ್ದಾಯಿತು.

ಈ ತೀರ್ಪುಗಳನ್ನು ಒಟ್ಟಿಗೆ ಇಟ್ಟು ನೋಡಿದರೆ ಗೆರೆ ಸ್ಪಷ್ಟವಾಗುತ್ತದೆ. 'ಆ ಹುದ್ದೆಗೆ ಕಾನೂನು ಹೇಳಿದ ವಿದ್ಯಾರ್ಹತೆ, ವಯಸ್ಸು, ಆಯ್ಕೆಯ ವಿಧಾನ ಇಲ್ಲಿ ಪಾಲನೆಯಾಗಿಲ್ಲ' ಎಂಬುದು ಯಾವ ನಾಗರಿಕನಾದರೂ ಕೇಳಬಹುದಾದ ಪ್ರಶ್ನೆ. 'ಅವರಿಗಿಂತ ಇವರು ಯೋಗ್ಯರು' ಎಂಬುದು ನೇಮಕ ಮಾಡುವವರ ವಿವೇಚನೆಗೆ ಬಿಟ್ಟ ವಿಷಯ. 'ಬಡ್ತಿ ನನಗೆ ಬರಬೇಕಾಗಿತ್ತು' ಎಂಬುದು ಆ ನೌಕರನೊಬ್ಬನದೇ ವ್ಯಾಜ್ಯ. ಈ ಮೂರನ್ನೂ ಕಲಸಿಬಿಡುವುದರಿಂದಲೇ ಬಹುಪಾಲು ಹುರುಳಿಲ್ಲದ ಅರ್ಜಿಗಳು ಹುಟ್ಟಿಕೊಳ್ಳುತ್ತವೆ.

ಹುರುಳಿಲ್ಲದ ಅರ್ಜಿಯ ಬೆಲೆ

ಉತ್ತರಾಂಚಲದ ಅಡ್ವೊಕೇಟ್ ಜನರಲ್ ಅವರಿಗೆ 62 ವರ್ಷ ದಾಟಿದೆ, ಆದ್ದರಿಂದ ಅವರು ಆ ಹುದ್ದೆಗೆ ಅನರ್ಹರು ಎಂದು ಅಲ್ಲಿನ ಉಚ್ಚ ನ್ಯಾಯಾಲಯದಲ್ಲಿ ಸಾರ್ವಜನಿಕ ಹಿತಾಸಕ್ತಿಯ ಹೆಸರಿನಲ್ಲಿ ಅರ್ಜಿ ಸಲ್ಲಿಕೆಯಾಗಿತ್ತು. ಉಚ್ಚ ನ್ಯಾಯಾಲಯದ ನ್ಯಾಯಾಧೀಶರ ನಿವೃತ್ತಿಯ ವಯಸ್ಸು ಅಡ್ವೊಕೇಟ್ ಜನರಲ್ ಹುದ್ದೆಗೆ ಅನ್ವಯಿಸುವುದಿಲ್ಲವೆಂಬುದು 1952ರಲ್ಲಿಯೇ ನಾಗಪುರ ಉಚ್ಚ ನ್ಯಾಯಾಲಯದ ತೀರ್ಪಿನಿಂದ ಇತ್ಯರ್ಥವಾಗಿದ್ದ ವಿಷಯ. ಐದು ದಶಕಗಳ ಹಿಂದೆ ತೀರ್ಮಾನವಾದುದನ್ನು ಮತ್ತೆ ಕೆದಕಿದ ಈ ಅರ್ಜಿಯನ್ನು 2010ರಲ್ಲಿ ಸರ್ವೋಚ್ಚ ನ್ಯಾಯಾಲಯವು ನ್ಯಾಯಿಕ ಪ್ರಕ್ರಿಯೆಯ ದುರುಪಯೋಗವೆಂದು ಕರೆದು, ಅರ್ಜಿದಾರರು 1 ಲಕ್ಷ ರೂಪಾಯಿ ವೆಚ್ಚ ಕಟ್ಟಬೇಕೆಂದು ಆದೇಶಿಸಿತು. ಬಲವಂತ ಸಿಂಗ್ ಚೌಫಾಲ್ ಪ್ರಕರಣವೆಂದು ಹೆಸರಾದ ಈ ತೀರ್ಪಿನಲ್ಲಿಯೇ ಸಾರ್ವಜನಿಕ ಹಿತಾಸಕ್ತಿ ಅರ್ಜಿಗಳಿಗೆ ಮಾರ್ಗಸೂತ್ರಗಳು ಬಂದವು. ಅರ್ಜಿದಾರನ ಪೂರ್ವಾಪರ, ಅರ್ಜಿಯ ಅಂಶಗಳ ಸತ್ಯತೆ, ಅದರ ಹಿಂದೆ ಸ್ವಂತ ಲಾಭ ಅಥವಾ ದ್ವೇಷವಿದೆಯೇ ಎಂಬುದನ್ನು ವಿಚಾರಣೆಗೆ ಮೊದಲೇ ಪರಿಶೀಲಿಸಬೇಕು. ಇದಕ್ಕಾಗಿ ಪ್ರತಿಯೊಂದು ಉಚ್ಚ ನ್ಯಾಯಾಲಯವೂ ನಿಯಮಗಳನ್ನು ರೂಪಿಸಬೇಕು ಎಂಬುವು ಅವುಗಳಲ್ಲಿ ಮುಖ್ಯವಾದವು.

ವೆಚ್ಚ ವಿಧಿಸುವ ಈ ಕ್ರಮ ಎಷ್ಟು ಪರಿಣಾಮಕಾರಿ? ಸಿವಿಲ್ ಪ್ರಕ್ರಿಯಾ ಸಂಹಿತೆಯ 35-ಎ ಕಲಮಿನಲ್ಲಿ ಸುಳ್ಳು ಅಥವಾ ಕಿರುಕುಳದ ವಾದಕ್ಕೆ ಕೊಡಿಸಬಹುದಾದ ಪರಿಹಾರದ ಮಿತಿ 3,000 ರೂಪಾಯಿ ಮಾತ್ರ. ರಿಟ್ ಅಧಿಕಾರದಲ್ಲಿ ನ್ಯಾಯಾಲಯಗಳು ಹೆಚ್ಚಿನ ಮೊತ್ತ ವಿಧಿಸಬಲ್ಲವಾದರೂ ಆ ಹಣ ಎಲ್ಲ ಪ್ರಕರಣಗಳಲ್ಲಿಯೂ ತೊಂದರೆಗೊಳಗಾದವನ ಕೈಗೆ ಬರುವುದಿಲ್ಲ. ಕಲ್ಯಾಣನಿಧಿಗೋ ಕಾನೂನು ನೆರವಿನ ಸಂಸ್ಥೆಗೋ ಹೋಗುವುದುಂಟು. ಆಯ್ಕೆಯಾಗಿಯೂ ಎರಡು ಮೂರು ವರ್ಷ ಮನೆಯಲ್ಲಿ ಕುಳಿತ ಯುವಕನಿಗೆ ಆ ವರ್ಷಗಳನ್ನು ಹಿಂದಿರುಗಿಸುವವರು ಯಾರು? ಆ ವೇಳೆಗೆ ಇತರ ಪರೀಕ್ಷೆಗಳ ವಯೋಮಿತಿ ಮೀರಿರುತ್ತದೆ. ಜೊತೆಯವರು ಜ್ಯೇಷ್ಠತೆಯಲ್ಲಿ ಮುಂದೆ ಹೋಗಿರುತ್ತಾರೆ. ಅರ್ಜಿ ವಜಾ ಆಯಿತೆಂಬ ಒಂದು ಸಾಲಿನ ಆದೇಶದಲ್ಲಿ ಈ ನಷ್ಟದ ಲೆಕ್ಕ ಇರುವುದಿಲ್ಲ. ನೌಕರಿಯ ವ್ಯಾಜ್ಯದಲ್ಲಿ ಬೇಕಾಬಿಟ್ಟಿ ಅರ್ಜಿ ಹಾಕುವವನು ನಿಜವಾಗಿ ಕಿತ್ತುಕೊಳ್ಳುವುದು ಇನ್ನೊಬ್ಬರ ಆಯುಷ್ಯದ ಕೆಲವು ವರ್ಷಗಳನ್ನು ಎಂಬುದನ್ನು ಮನಗಾಣಬೇಕು.

ಹಾಗಾದರೆ ಅನ್ಯಾಯ ಕಂಡವರು ಸುಮ್ಮನಿರಬೇಕೆ?

ಇದು ತಳ್ಳಿಹಾಕುವಂಥ ಪ್ರಶ್ನೆಯಲ್ಲ. ಹಿಂಬಾಗಿಲ ನೇಮಕಗಳು ನಮ್ಮಲ್ಲಿ ಇಲ್ಲದ ಸಂಗತಿಯೇನಲ್ಲ. 2006ರ ಏಪ್ರಿಲ್ 10ರಂದು ಕರ್ನಾಟಕ ಸರ್ಕಾರ ಮತ್ತು ಉಮಾದೇವಿ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು, ಸಾರ್ವಜನಿಕ ಉದ್ಯೋಗದಲ್ಲಿ ಸಮಾನ ಅವಕಾಶವೆಂಬುದು ಸಂವಿಧಾನದ ಮೂಲತತ್ತ್ವವೆಂದೂ, ನಿಯಮಬದ್ಧ ಆಯ್ಕೆಯಿಲ್ಲದೆ ಬಂದವರು ಖಾಯಂ ಆಗುವ ಹಕ್ಕನ್ನು ಕೇಳಲಾರರೆಂದೂ ಹೇಳಿತು. ಹಿಂಬಾಗಿಲಿನಿಂದ ಒಬ್ಬರು ಒಳಗೆ ಬಂದರೆ ಮುಂಬಾಗಿಲಿನಲ್ಲಿ ಸರತಿಯಲ್ಲಿ ನಿಂತ ಬಡವರ ಮಕ್ಕಳ ಅವಕಾಶ ಹೋಗುತ್ತದೆ. ಆ ಮಕ್ಕಳಿಗೆ ತಾವು ಏನನ್ನು ಕಳೆದುಕೊಂಡೆವೆಂಬುದೇ ಅನೇಕ ವೇಳೆ ತಿಳಿದಿರುವುದಿಲ್ಲ. ಅರ್ಹತೆಯ ನಿಯಮವನ್ನು ಅತಿ ಬಿಗಿ ಮಾಡಿದರೆ ತಪ್ಪು ಮಾಡಿದ ಅಧಿಕಾರಿಯೇ ಅದರ ನೆರಳಿನಲ್ಲಿ ಬಚ್ಚಿಟ್ಟುಕೊಳ್ಳುವ ಅಪಾಯವುಂಟು.

ನ್ಯಾಯಾಲಯಗಳಿಗೂ ಈ ಇಕ್ಕಟ್ಟು ತಿಳಿದಿದೆ. 2012ರಲ್ಲಿ ಮಹಾರಾಷ್ಟ್ರದ ನೌಕರರೊಬ್ಬರ ಜಾತಿ ಪ್ರಮಾಣಪತ್ರವನ್ನು ಪ್ರಶ್ನಿಸಿದ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಸಂಬಂಧವಿಲ್ಲದ ಮೂರನೆಯವರು ಸೇವಾ ವಿಷಯದಲ್ಲಿ ತಲೆಹಾಕುವಂತಿಲ್ಲವೆಂದು ಸ್ಪಷ್ಟವಾಗಿ ಹೇಳಿತು. ಆದರೆ ವಂಚನೆಯ ಆರೋಪವನ್ನು ಅಲ್ಲಿಗೇ ಕೈಬಿಡಲಿಲ್ಲ; ಸಾಕ್ಷಿಗಳನ್ನು ಪಾಟೀಸವಾಲು ಮಾಡುವ ಅವಕಾಶವನ್ನು ನೌಕರರಿಗೆ ಕೊಟ್ಟು ಪರಿಶೀಲನಾ ಸಮಿತಿಯು ವಿಚಾರಿಸಲೆಂಬ ದಾರಿ ಹಿಡಿಯಿತು. ದೂರು ತಂದವನ ಅರ್ಹತೆ ಒಂದು ವಿಷಯ, ದೂರಿನಲ್ಲಿರುವ ಸತ್ಯ ಇನ್ನೊಂದು ವಿಷಯ ಎಂಬ ವಿವೇಕ ಇಲ್ಲಿ ಕಾಣುತ್ತದೆ.

ಆದ್ದರಿಂದ ಅನ್ಯಾಯ ಕಂಡ ನಾಗರಿಕನಿಗೆ ದಾರಿಗಳೇ ಇಲ್ಲವೆಂದಲ್ಲ. 2005ರ ಮಾಹಿತಿ ಹಕ್ಕು ಅಧಿನಿಯಮದ ಅಡಿಯಲ್ಲಿ ಅಧಿಸೂಚನೆ, ಆಯ್ಕೆಯ ಮಾನದಂಡ ಮೊದಲಾದ ದಾಖಲೆಗಳನ್ನು ಕೇಳಬಹುದು. ನೇಮಕ ಮಾಡಿದ ಪ್ರಾಧಿಕಾರಕ್ಕೆ ಹೆಸರು, ವಿಳಾಸ ಸಹಿತ ಲಿಖಿತ ದೂರು ಕೊಡಬಹುದು. ಲಂಚ, ಅಧಿಕಾರ ದುರುಪಯೋಗಗಳಿದ್ದರೆ ಲೋಕಾಯುಕ್ತರಿದ್ದಾರೆ. ಕಾನೂನಿಗೆ ನೇರ ವಿರೋಧವಾದ ನೇಮಕವಾದರೆ ಕೋ ವಾರಂಟೋ ಇದ್ದೇ ಇದೆ. ಇವೆಲ್ಲವೂ ಹೆಸರು ಹೇಳಿಕೊಂಡು, ದಾಖಲೆ ಹಿಡಿದುಕೊಂಡು, ಹೊಣೆ ಹೊತ್ತು ನಡೆಯಬೇಕಾದ ದಾರಿಗಳು. ತಾನು ಮರೆಯಲ್ಲಿದ್ದು ಇನ್ನೊಬ್ಬರ ಹೆಸರಿನಲ್ಲಿ ಅರ್ಜಿ ಹಾಕಿಸಿ ಸಹೋದ್ಯೋಗಿಯ ಬಡ್ತಿಗೆ ಕಲ್ಲುಹಾಕುವುದು ಈ ಸಾಲಿಗೆ ಸೇರುವುದಿಲ್ಲ.

ನಿಜವಾಗಿ ನೊಂದವರಿಗೆ

ಅರ್ಹತೆಯಿಲ್ಲದವರ ಅರ್ಜಿಗಳ ಗದ್ದಲದಲ್ಲಿ ಅರ್ಹತೆಯಿರುವವರು ಮಾಡಿಕೊಳ್ಳುವ ತಪ್ಪುಗಳು ಬೆಳಕಿಗೆ ಬರುವುದಿಲ್ಲ. ನ್ಯಾಯವಾದ ಅಹವಾಲು ಇದ್ದೂ ಕ್ರಮ ತಿಳಿಯದೆ ಸೋತವರ ಸಂಖ್ಯೆ ಕಡಿಮೆಯಿಲ್ಲ. ಅವರಿಗಾಗಿ ಕೆಲವು ಮಾತುಗಳು.

ಮೊದಲನೆಯದು ಕಾಲ. ಆಡಳಿತ ನ್ಯಾಯಮಂಡಳಿಗೆ ಅಂತಿಮ ಆದೇಶದ ದಿನಾಂಕದಿಂದ 1 ವರ್ಷದೊಳಗೆ ಹೋಗಬೇಕು. ನಿಯಮಗಳಲ್ಲಿ ಅವಕಾಶವಿರುವ ಮೇಲ್ಮನವಿ ಅಥವಾ ಮನವಿ ಸಲ್ಲಿಸಿ 6 ತಿಂಗಳಾದರೂ ಆದೇಶ ಬಾರದಿದ್ದರೆ, ಆ 6 ತಿಂಗಳು ಮುಗಿದಂದಿನಿಂದ 1 ವರ್ಷ. ಮೇಲಿಂದ ಮೇಲೆ ಮನವಿಪತ್ರ ಕೊಡುತ್ತ ಹೋದರೆ ಅವಧಿ ಬೆಳೆಯುತ್ತದೆಂಬುದು ನೌಕರರಲ್ಲಿರುವ ದೊಡ್ಡ ಭ್ರಮೆ. ಕಾನೂನಿನಲ್ಲಿ ಹೇಳದ ಮನವಿಗಳನ್ನು ಎಷ್ಟು ಕೊಟ್ಟರೂ ಕಾಲಮಿತಿ ವಿಸ್ತಾರವಾಗದೆಂದು 1989ರಲ್ಲಿ ಸರ್ವೋಚ್ಚ ನ್ಯಾಯಾಲಯದ ಏಳು ನ್ಯಾಯಮೂರ್ತಿಗಳ ಪೀಠ ಎಸ್. ಎಸ್. ರಾಥೋರ್ ಪ್ರಕರಣದಲ್ಲಿ ಹೇಳಿದೆ. ಕಿರಿಯರಿಗೆ ಬಡ್ತಿ ದೊರೆತುದನ್ನು ಪ್ರಶ್ನಿಸುವವರು 6 ತಿಂಗಳು, ಹೆಚ್ಚೆಂದರೆ 1 ವರ್ಷದೊಳಗೆ ಬರಬೇಕೆಂಬುದು 1974ರ ಸದಾಶಿವಸ್ವಾಮಿ ಪ್ರಕರಣದಿಂದಲೂ ಇರುವ ಮಾತು.

ಎರಡನೆಯದು ವೇದಿಕೆ. ರಾಜ್ಯ ಸರ್ಕಾರದ ನೌಕರರು 1986ರಲ್ಲಿ ಸ್ಥಾಪನೆಯಾದ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. ಬೆಂಗಳೂರಿನಲ್ಲದೆ ಬೆಳಗಾವಿ ಮತ್ತು ಕಲಬುರಗಿಗಳಲ್ಲಿಯೂ ಅದರ ಪೀಠಗಳಿವೆ. ಕೇಂದ್ರ ಸರ್ಕಾರದ ನೌಕರರಿಗೆ ಕೇಂದ್ರ ಆಡಳಿತ ನ್ಯಾಯಮಂಡಳಿಯಿದೆ. ಖಾಸಗಿ ವಿದ್ಯಾಸಂಸ್ಥೆಗಳ ಶಿಕ್ಷಕರಿಗೆ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಯಿದೆ, ಅಲ್ಲಿಯೂ ಕಾಲಮಿತಿಯಿದೆ. 1997ರ ಎಲ್. ಚಂದ್ರಕುಮಾರ್ ತೀರ್ಪಿನ ನಂತರ ಆಡಳಿತ ನ್ಯಾಯಮಂಡಳಿಯ ಆದೇಶವನ್ನು ಉಚ್ಚ ನ್ಯಾಯಾಲಯದ ವಿಭಾಗೀಯ ಪೀಠದ ಮುಂದೆ ಪ್ರಶ್ನಿಸಬಹುದು. ನೇರವಾಗಿ ಉಚ್ಚ ನ್ಯಾಯಾಲಯಕ್ಕೆ ಓಡಿ, ಅಲ್ಲಿಂದ ಹಿಂದಿರುಗಿ ಬರುವಷ್ಟರಲ್ಲಿ ಅಮೂಲ್ಯವಾದ ತಿಂಗಳುಗಳು ಕಳೆದುಹೋಗುತ್ತವೆ.

ಮೂರನೆಯದು ಎದುರುಪಕ್ಷ. ಯಾರ ಆಯ್ಕೆ ಅಥವಾ ಬಡ್ತಿ ರದ್ದಾಗಬೇಕೆಂದು ಕೇಳುತ್ತೇವೆಯೋ ಅವರನ್ನು ಪ್ರತಿವಾದಿಗಳನ್ನಾಗಿ ಸೇರಿಸಲೇಬೇಕು. ಬಹಳ ಮಂದಿಯಿದ್ದರೆ ಕೆಲವರನ್ನಾದರೂ ಎಲ್ಲರ ಪ್ರತಿನಿಧಿಗಳಾಗಿ ಸೇರಿಸಬೇಕು. ಬಾಧೆಗೊಳಗಾಗುವವರ ಮಾತನ್ನು ಕೇಳದೆ ಅವರ ನೌಕರಿಯ ಬಗ್ಗೆ ತೀರ್ಮಾನಿಸಲಾಗದೆಂಬುದು 1984ರ ಪ್ರಬೋಧ ವರ್ಮ ಪ್ರಕರಣದ ಸಾರ.

ನಾಲ್ಕನೆಯದು ನಡವಳಿಕೆ. ಆಯ್ಕೆಯ ವಿಧಾನ ತಪ್ಪೆಂದು ಗೊತ್ತಿದ್ದೂ ಸಂದರ್ಶನಕ್ಕೆ ಹೋಗಿ, ಫಲಿತಾಂಶ ಬಂದಮೇಲೆ ಆ ವಿಧಾನವನ್ನೇ ಹಳಿಯುವವನ ಮಾತನ್ನು ನ್ಯಾಯಾಲಯ ಕೇಳುವುದಿಲ್ಲ. 1995ರ ಮದನಲಾಲ್ ಪ್ರಕರಣದಲ್ಲಿ ಇದು ನಿರ್ಣಯವಾಗಿದೆ. ಆಕ್ಷೇಪವಿದ್ದರೆ ಮೊದಲೇ ಹೇಳಬೇಕು. ಆಯ್ಕೆಪಟ್ಟಿಯಲ್ಲಿ ಹೆಸರು ಬಂದ ಮಾತ್ರಕ್ಕೆ ನೌಕರಿ ಪಡೆಯುವ ಅಬಾಧಿತ ಹಕ್ಕು ಹುಟ್ಟುವುದಿಲ್ಲವೆಂದೂ 1991ರ ಶಂಕರಸನ್ ದಾಶ್ ಪ್ರಕರಣದಲ್ಲಿ ಸಂವಿಧಾನ ಪೀಠ ಹೇಳಿದೆ. ಆದರೆ ಸರ್ಕಾರವೂ ಮನಬಂದಂತೆ ವರ್ತಿಸುವಂತಿಲ್ಲವೆಂದು ಅದೇ ತೀರ್ಪು ಸೇರಿಸಿದೆ.

ಅರ್ಹತೆಯುಳ್ಳವರು ಕ್ರಮವರಿತು ಹೋದರೆ ಏನಾಗಬಲ್ಲದೆಂಬುದಕ್ಕೆ ನಮ್ಮ ರಾಜ್ಯದ ಬಡ್ತಿ ಮೀಸಲಾತಿಯ ವ್ಯಾಜ್ಯವೇ ಉದಾಹರಣೆ. ಜ್ಯೇಷ್ಠತೆಯ ವಿಷಯದಲ್ಲಿ ತಮಗೆ ಬಾಧೆಯಾಯಿತೆಂದು ನೌಕರರೇ ತಂದ ಪವಿತ್ರಾ ಪ್ರಕರಣದಲ್ಲಿ 2002ರ ಕರ್ನಾಟಕ ಅಧಿನಿಯಮದ ಮುಖ್ಯ ಕಲಮುಗಳು 2017ರಲ್ಲಿ ಅಸಿಂಧುವಾದವು. ರಾಜ್ಯ ಸರ್ಕಾರ ಅಂಕಿಅಂಶಗಳನ್ನು ಕಲೆಹಾಕಿ ಹೊಸ ಅಧಿನಿಯಮವನ್ನು ತಂದಿತು. 2019ರಲ್ಲಿ ಸರ್ವೋಚ್ಚ ನ್ಯಾಯಾಲಯ ಅದನ್ನು ಎತ್ತಿಹಿಡಿಯಿತು. ಯಾರ ಪಕ್ಷ ಸರಿಯೆಂಬ ಚರ್ಚೆ ಇಲ್ಲಿ ಬೇಡ. ಎರಡೂ ಕಡೆಯವರು ನಿಜವಾಗಿ ಬಾಧಿತರಾಗಿದ್ದರು, ಎರಡೂ ಕಡೆಯ ವಾದ ನ್ಯಾಯಾಲಯದಲ್ಲಿ ಪೂರ್ಣವಾಗಿ ನಡೆಯಿತು ಎಂಬುದು ಗಮನಿಸಬೇಕಾದ ಅಂಶ.

ಮನೆಯವರಿಗೊಂದು ಮಾತು

ನೌಕರಿಯ ವ್ಯಾಜ್ಯ ಕಚೇರಿಯಲ್ಲಿ ಹುಟ್ಟಿದರೂ ಬೆಳೆಯುವುದು ಮನೆಯಲ್ಲಿ. 'ಅವನನ್ನು ಸುಮ್ಮನೆ ಬಿಡಬೇಡ' ಎಂದು ಹುರಿದುಂಬಿಸುವವರು ಬಂಧುಗಳೇ. ವಕೀಲರ ಫೀಜಿಗೆ ಒಡವೆ ಅಡವಿಡುವವರು ಮನೆಯ ಹೆಣ್ಣುಮಕ್ಕಳೇ. ಆದಕಾರಣ ವಕಾಲತ್ತಿಗೆ ಸಹಿ ಹಾಕುವ ಮೊದಲು ಮನೆಯವರೆಲ್ಲ ಕುಳಿತು ಮೂರು ಪ್ರಶ್ನೆಗಳನ್ನು ಕೇಳಿಕೊಳ್ಳುವುದು ಒಳ್ಳೆಯದು. ಈ ಆದೇಶದಿಂದ ನಷ್ಟವಾದದ್ದು ನಮಗೋ, ಇನ್ನೊಬ್ಬರಿಗೋ? ನಾವು ಹೇಳುವ ಪ್ರತಿಯೊಂದು ಮಾತಿಗೂ ಕಾಗದಪತ್ರದ ಆಧಾರವಿದೆಯೇ? ಅರ್ಜಿ ಗೆದ್ದರೆ ನಮ್ಮ ಹಕ್ಕು ನಮಗೆ ಬರುವುದೋ, ಅಥವಾ ಇನ್ನೊಬ್ಬರ ಹುದ್ದೆ ಹೋಗುವುದಷ್ಟೇ ಫಲವೋ?

ಮೂರಕ್ಕೂ ಸರಿಯಾದ ಉತ್ತರವಿದ್ದರೆ ಹಿಂಜರಿಯದೆ, ತಡಮಾಡದೆ ನ್ಯಾಯಮಂಡಳಿಗೆ ಹೋಗಬೇಕು. ಹಕ್ಕಿಗಾಗಿ ಹೋರಾಡುವುದರಲ್ಲಿ ಸಂಕೋಚ ಸಲ್ಲದು. ಮೂರನೆಯ ಪ್ರಶ್ನೆಗೆ ಬಂದ ಉತ್ತರ ಇನ್ನೊಬ್ಬರ ಹುದ್ದೆ ಹೋಗುವುದಷ್ಟೇ ಎಂದಾದರೆ ಆ ಕಾಗದಗಳನ್ನು ಮಡಿಚಿ ಪೆಟ್ಟಿಗೆಯಲ್ಲಿಡುವುದೇ ಕ್ಷೇಮ. ಎದುರು ಮನೆಯಲ್ಲಿಯೂ ಒಂದು ನೇಮಕಾತಿ ಆದೇಶವನ್ನು ನಂಬಿ ಕುಳಿತ ತಂದೆತಾಯಿಗಳಿದ್ದಾರೆ.